‘ಗಾಂಜಾ ಬಿಟ್ಟರೆ ಸರಿಹೋಗ್ತಾನೆ’ ಅನ್ನುವ ಮೊದಲು

ಬೆಂಗಳೂರು ಪೊಲೀಸರು ಡ್ರಗ್ಸ್ ಹಿಡಿದಾಗ ನಡೆಸುವ ಪತ್ರಿಕಾಗೋಷ್ಠಿಯ ಫೋಟೊ ನೀವೂ ನೋಡಿರುತ್ತೀರಿ. ಉದ್ದನೆಯ ಮೇಜು. ಅದರ ಮೇಲೆ ಪ್ಲಾಸ್ಟಿಕ್ ಕವರಿನಲ್ಲಿ ಹೈಡ್ರೋ ಗಾಂಜಾ, ಪಕ್ಕದಲ್ಲಿ ಎಂಡಿಎಂಎ ಹರಳು, ಅಂಚೆಚೀಟಿಗಿಂತ ಚಿಕ್ಕದಾದ ಎಲ್‌ಎಸ್‌ಡಿ ಸ್ಟ್ರಿಪ್, ಒಣಗಿ ಮುದುಡಿದ ಅಣಬೆ, ಒಂದು ತೂಕದ ಯಂತ್ರ. ಮರುದಿನದ ಸುದ್ದಿಯಲ್ಲಿ ಎಲ್ಲಕ್ಕೂ ಸೇರಿ ಒಂದೇ ಮೊತ್ತ, ಇಷ್ಟು ಕೋಟಿ ಮೌಲ್ಯದ ಮಾದಕ ವಸ್ತು ಅಂತ. ಕಾನೂನಿನ ಕಣ್ಣಿಗೆ ಇದು ಒಂದೇ ಕುಟುಂಬ. ಮೆದುಳಿಗೆ ಹಾಗಲ್ಲ. ಆ ಮೇಜಿನ ಮೇಲಿರುವ ಒಂದೊಂದೂ ತಲೆಯೊಳಗೆ ಬೇರೆ ಬೇರೆ ಬಾಗಿಲು ತಟ್ಟುತ್ತದೆ, ಬಿಟ್ಟುಹೋಗುವ ಪರಿಣಾಮವೂ ಬೇರೆ.

ಈ ವ್ಯತ್ಯಾಸ ಯಾಕೆ ಮುಖ್ಯ ಅಂದರೆ, ಮಗ ‘ಯಾರೋ ನನ್ನ ಹಿಂದೆ ಬಿದ್ದಿದ್ದಾರೆ’ ಅನ್ನಲು ಶುರುಮಾಡಿದಾಗ, ಮೊಬೈಲನ್ನು ಸ್ವಿಚ್ ಆಫ್ ಮಾಡಿ ಅಕ್ಕಿ ಡಬ್ಬದಲ್ಲಿ ಹೂತಿಟ್ಟಾಗ, ಮನೆಯವರು ಮೊದಲು ತಡಕುವುದು ಅವನ ಬ್ಯಾಗು ಮತ್ತು ಜೇಬು. ಅಲ್ಲಿ ಒಂದು ಚೂರು ಸೊಪ್ಪೋ ರೋಲಿಂಗ್ ಪೇಪರೋ ಸಿಕ್ಕಿಬಿಟ್ಟರೆ ಸಿಟ್ಟಿನ ಜತೆಗೆ ಒಂದು ಬಗೆಯ ಸಮಾಧಾನವೂ ಆಗುತ್ತದೆ. ಕಾರಣ ಸಿಕ್ಕಿತಲ್ಲ! ‘ಗಾಂಜಾ ಹೊಡೆದು ತಲೆ ಕೆಡಿಸ್ಕೊಂಡಿದಾನೆ, ಬಿಟ್ಟರೆ ಸರಿಹೋಗ್ತಾನೆ.’ ಈ ಮಾತಿನ ಮೊದಲ ಅರ್ಧದಲ್ಲಿ ಒಂದಿಷ್ಟು ಸತ್ಯವಿದೆ. ಎರಡನೆಯ ಅರ್ಧ ಎಷ್ಟೋ ಮನೆಗಳಲ್ಲಿ ಅಮೂಲ್ಯವಾದ ತಿಂಗಳುಗಳನ್ನು ನುಂಗಿಹಾಕುತ್ತದೆ. ಅದನ್ನೇ ಇಲ್ಲಿ ಬಿಡಿಸಿ ನೋಡಬೇಕಿದೆ.

ಮೊದಲು ಅಣಬೆ. ಮಲೆನಾಡಿನಲ್ಲಿ ಮೊದಲ ಗುಡುಗು-ಮಳೆಗೆ ಹುತ್ತದ ಬದಿಯಲ್ಲಿ ಏಳುವ, ಸಾರು ಮಾಡಿ ಉಣ್ಣುವ ಅಣಬೆಗೂ ಇದಕ್ಕೂ ಸಂಬಂಧವಿಲ್ಲ. ಬೆಂಗಳೂರಿನ ಹುಡುಗರು ವೀಕೆಂಡಿಗೆ ಕೊಡೈಕೆನಾಲ್ ದಾರಿ ಹಿಡಿದು ಹುಡುಕುವ ‘ಶ್ರೂಮ್ಸ್’ ಬೇರೆ ಜಾತಿಯದು. ಅದರಲ್ಲಿರುವುದು ಸಿಲೋಸೈಬಿನ್. ಎಲ್‌ಎಸ್‌ಡಿ ಕಂಡುಹಿಡಿದ ಸ್ವಿಸ್ ರಸಾಯನವಿಜ್ಞಾನಿ ಆಲ್ಬರ್ಟ್ ಹಾಫ್‌ಮನ್ 1958ರಲ್ಲಿ ಇದನ್ನೂ ಅಣಬೆಯಿಂದ ಬೇರ್ಪಡಿಸಿದರು. ದೇಹದೊಳಗೆ ಅದು ಸಿಲೋಸಿನ್ ಆಗಿ ಬದಲಾಗಿ, ಮೆದುಳಿನ ಸಂದೇಶವಾಹಕ ರಾಸಾಯನಿಕ ಸಿರೊಟೋನಿನ್‌ಗೆಂದು ನರಕೋಶದ ಮೇಲೆ ಇರುವ ಒಂದು ನಿರ್ದಿಷ್ಟ ಗ್ರಾಹಕಕ್ಕೆ ಅಂಟಿಕೊಳ್ಳುತ್ತದೆ. ಜ್ಯೂರಿಕ್‌ನ ಸಂಶೋಧಕರು 1998ರಲ್ಲಿ ಆ ಗ್ರಾಹಕವನ್ನು ಮೊದಲೇ ಔಷಧಿಯಿಂದ ಮುಚ್ಚಿ ಆಮೇಲೆ ಸಿಲೋಸೈಬಿನ್ ಕೊಟ್ಟು ನೋಡಿದರು; ಭ್ರಮೆ ಬರಲೇ ಇಲ್ಲ. ಅಂದರೆ ಅಣಬೆ ತಟ್ಟುವ ಬಾಗಿಲು ಯಾವುದು ಅನ್ನುವುದರಲ್ಲಿ ಈಗ ಹೆಚ್ಚು ಅನುಮಾನವಿಲ್ಲ.

ಐವತ್ತರ ದಶಕದ ಮನೋವೈದ್ಯರಿಗೆ ಇದರ ಬಗ್ಗೆ ದೊಡ್ಡ ಆಸೆಯಿತ್ತು. ಇಲ್ಲದ ದನಿ ಕೇಳಿಸುವ, ಅಲುಗದ ಸಂಶಯ ಹುಟ್ಟಿಸುವ ಮನೋರೋಗ ಸ್ಕಿಜೋಫ್ರೇನಿಯಾ ಅಂದರೆ ಮೆದುಳೇ ತನ್ನೊಳಗೆ ತಯಾರಿಸಿಕೊಂಡ ಎಲ್‌ಎಸ್‌ಡಿಯಂಥ ಯಾವುದೋ ವಿಷ ಇರಬೇಕು, ಆ ವಿಷ ಸಿಕ್ಕರೆ ರೋಗ ಸಿಕ್ಕಂತೆ ಎಂದು ನಂಬಿದ್ದರು. ಸ್ಯಾಂಡೋಜ್ ಕಂಪನಿ ‘ಡೆಲಿಸಿಡ್’ ಹೆಸರಿನಲ್ಲಿ ವೈದ್ಯರಿಗೆ ಎಲ್‌ಎಸ್‌ಡಿ ಒದಗಿಸುತ್ತಿದ್ದಾಗ, ಮನೋವೈದ್ಯರೇ ಇದನ್ನು ಸೇವಿಸಿದರೆ ರೋಗಿಗಳ ಲೋಕ ಹೇಗಿರುತ್ತದೆಂದು ಒಳಗಿನಿಂದ ತಿಳಿಯಬಹುದು ಎಂದು ಜತೆಗಿನ ಚೀಟಿಯಲ್ಲೇ ಬರೆದಿತ್ತು. ಇವತ್ತಿನ ಯಾವ ಔಷಧ ನಿಯಂತ್ರಕರೂ ಅಂಥ ಚೀಟಿಗೆ ಸಹಿ ಹಾಕಲಾರರು, ಬಿಡಿ.

ಆ ಆಸೆ ಪೂರ್ತಿ ಕೈಗೂಡಲಿಲ್ಲ, ಯಾಕೆಂದರೆ ಹತ್ತಿರದಿಂದ ನೋಡಿದರೆ ಎರಡೂ ಅನುಭವಗಳು ಒಂದಕ್ಕೊಂದು ಕೂಡುವುದಿಲ್ಲ. ಅಣಬೆ ತಿಂದವನಿಗೆ ಗೋಡೆ ಉಸಿರಾಡುವುದು ಕಾಣಿಸುತ್ತದೆ, ಬಣ್ಣಗಳು ಹರಿಯುತ್ತವೆ, ಆಕಾರಗಳು ಒಂದರೊಳಗೊಂದು ಬಿಚ್ಚಿಕೊಳ್ಳುತ್ತವೆ. ಬಹುಪಾಲು ಎಲ್ಲವೂ ಕಣ್ಣಿನ ಲೋಕ. ನಾಲ್ಕರಿಂದ ಆರು ಗಂಟೆಯಲ್ಲಿ ಇಳಿಯುತ್ತದೆ. ಮುಖ್ಯವಾಗಿ, ಇದು ತಿಂದದ್ದರ ಪ್ರಭಾವ ಅನ್ನುವ ಎಚ್ಚರ ಸಾಮಾನ್ಯವಾಗಿ ಮೂಲೆಯಲ್ಲೆಲ್ಲೋ ಉಳಿದಿರುತ್ತದೆ. ಸ್ಕಿಜೋಫ್ರೇನಿಯಾದಲ್ಲಿ ಕಿವಿಯದೇ ಕಾರುಬಾರು. ಇಬ್ಬರು ಕೂತು ನಮ್ಮ ಬಗ್ಗೆಯೇ ಮಾತಾಡಿಕೊಳ್ಳುವ ದನಿ: ‘ನೋಡು, ಈಗ ಎದ್ದ. ಈಗ ಚಪ್ಪಲಿ ಹಾಕ್ಕೊಳ್ತಾನೆ.’ ನಾನು ಯೋಚಿಸಿದ್ದೆಲ್ಲ ಬೀದಿಯಲ್ಲಿರುವವರಿಗೆ ಗೊತ್ತಾಗುತ್ತಿದೆ ಅನ್ನುವ ಅಲುಗದ ನಂಬಿಕೆ. ಅದರ ಜತೆ, ಯಾರ ಗಮನಕ್ಕೂ ಬೀಳದ ಇನ್ನೊಂದು ಭಾಗವೂ ಇದೆ: ಮಾತು ಕಡಿಮೆಯಾಗುವುದು, ಸ್ನಾನ ಬಿಡುವುದು, ಗೆಳೆಯರನ್ನು ಬಿಡುವುದು, ಮುಖದಲ್ಲಿ ಭಾವ ಇಲ್ಲವಾಗುವುದು. ಅಣಬೆ ಇದನ್ನೆಲ್ಲ ಅನುಕರಿಸುವುದಿಲ್ಲ. ಇನ್ನೂ ಒಂದು ತೊಡಕಿತ್ತು. ಎಲ್‌ಎಸ್‌ಡಿಯನ್ನು ದಿನವೂ ತೆಗೆದುಕೊಂಡರೆ ಕೆಲವೇ ದಿನಗಳಲ್ಲಿ ಮೆದುಳು ಒಗ್ಗಿಕೊಂಡು ಪ್ರಭಾವ ಸತ್ತುಹೋಗುತ್ತದೆ. ಸ್ಕಿಜೋಫ್ರೇನಿಯಾ ವರ್ಷಗಟ್ಟಲೆ ಒಗ್ಗದೆ ಕಾಡುತ್ತದೆ.

ರೋಗವನ್ನು ಹೆಚ್ಚು ನಿಷ್ಠೆಯಿಂದ ನಕಲು ಮಾಡುವುದು ಮೆದುಳನ್ನು ಕೆರಳಿಸುವ ಆಂಫೆಟಮಿನ್ ಬಳಗ. ಎರಡನೇ ಮಹಾಯುದ್ಧ ಮುಗಿದ ಮೇಲೆ ಜಪಾನಿನಲ್ಲಿ ಮಿಗಿಲಾಗಿ ಉಳಿದ ಮೆಥಾಂಫೆಟಮಿನ್ ಬೀದಿಗೆ ಬಂತು, ಅದರ ಬೆನ್ನಿಗೇ ಆಸ್ಪತ್ರೆಗಳಿಗೆ ಸೈಕೋಸಿಸ್ (ಭ್ರಮೆ, ಸಂಶಯಗಳಲ್ಲಿ ವಾಸ್ತವದ ಅರಿವು ತಪ್ಪುವ ಸ್ಥಿತಿ) ರೋಗಿಗಳೂ ಬಂದರು. 1958ರಲ್ಲಿ ಲಂಡನ್‌ನ ಫಿಲಿಪ್ ಕಾನೆಲ್ ಆಂಫೆಟಮಿನ್ ಸೈಕೋಸಿಸ್‌ನ 42 ಪ್ರಕರಣಗಳನ್ನು ವಿವರವಾಗಿ ಬರೆದರು: ನೋಡಲು ಪ್ಯಾರನಾಯ್ಡ್ ಸ್ಕಿಜೋಫ್ರೇನಿಯಾದ್ದೇ ಪಡಿಯಚ್ಚು. ಇಲ್ಲಿ ಕೆಲಸ ಮಾಡುವುದು ಮೆದುಳಿನ ಇನ್ನೊಂದು ರಾಸಾಯನಿಕ, ಡೋಪಮಿನ್. 1952ರಲ್ಲಿ ಪ್ಯಾರಿಸ್‌ನಲ್ಲಿ ಬಳಕೆಗೆ ಬಂದ ಕ್ಲೋರ್‌ಪ್ರೊಮಜೀನ್‌ನಿಂದ ಹಿಡಿದು ಸೈಕೋಸಿಸ್‌ಗೆ ಕೊಡುವ ಇವತ್ತಿನ ಬಹುತೇಕ ಆಂಟಿಸೈಕೋಟಿಕ್ ಮಾತ್ರೆಗಳ ತನಕ ಎಲ್ಲವೂ ತಡೆಯುವುದು ಡೋಪಮಿನ್ನನ್ನೇ. ಸ್ಕಿಜೋಫ್ರೇನಿಯಾ ಇರುವವರಿಗೆ ಸ್ವಲ್ಪ ಆಂಫೆಟಮಿನ್ ಕೊಟ್ಟು ಸ್ಕ್ಯಾನ್ ಮಾಡಿದಾಗ ಇತರರಿಗಿಂತ ಹೆಚ್ಚು ಡೋಪಮಿನ್ ಹೊರಬಿದ್ದದ್ದು 1996ರ ಹೊತ್ತಿಗೇ ಗೊತ್ತಾಗಿತ್ತು. ಅರಿವಳಿಕೆಗೆ ಬಳಸುವ ಕೆಟಮಿನ್ ಮತ್ತೊಂದು ದಾರಿ ಹಿಡಿಯುತ್ತದೆ, ಗ್ಲುಟಮೇಟ್ ಅನ್ನುವ ಬೇರೊಂದು ಮೆದುಳಿನ ರಾಸಾಯನಿಕದ್ದು; ಅದು ಭ್ರಮೆಯ ಜತೆಗೆ ಆ ಭಾವಶೂನ್ಯತೆಯನ್ನೂ ಕೆಲಹೊತ್ತು ತಂದುಕೊಡುತ್ತದೆ. ನಮ್ಮ ಬೇಲಿಸಾಲಿನ ಉಮ್ಮತ್ತಿ ಇವೆಲ್ಲಕ್ಕಿಂತ ಬೇರೆ. ಅದರ ಬೀಜ ಹೊಟ್ಟೆಗೆ ಹೋದವನಿಗೆ ಬಾಯಿ ಒಣಗುತ್ತದೆ, ಕಣ್ಣಾಲಿ ಅಗಲವಾಗುತ್ತದೆ, ಮೈ ಸುಡುತ್ತದೆ, ತಾನೆಲ್ಲಿದ್ದೇನೆ ಅನ್ನುವುದೇ ತಿಳಿಯುವುದಿಲ್ಲ. ಅದು ಸೈಕೋಸಿಸ್‌ಗಿಂತ ಸನ್ನಿ. ಮನೋವೈದ್ಯರಿಗೆ ಕಾಯದೆ ನೇರ ಎಮರ್ಜೆನ್ಸಿಗೆ ಒಯ್ಯಬೇಕಾದದ್ದು.

ಇನ್ನು ಗಾಂಜಾ. ಸಾಧು ಸಂತರ ಚಿಲುಮೆ, ಶಿವರಾತ್ರಿಯ ಭಂಗಿ, ‘ಗಿಡ ತಾನೆ, ದೇವರೇ ಕೊಟ್ಟದ್ದು’ ಅನ್ನುವ ಸಮಜಾಯಿಷಿ ಇವೆಲ್ಲದರ ನಡುವೆ ಇದಕ್ಕೆ ನಮ್ಮಲ್ಲಿ ಒಂದು ಸಲಿಗೆಯಿದೆ. ಏಮ್ಸ್ ನೇತೃತ್ವದ ರಾಷ್ಟ್ರೀಯ ಸಮೀಕ್ಷೆಯ 2019ರ ವರದಿ ಪ್ರಕಾರ ದೇಶದಲ್ಲಿ ಸುಮಾರು 3.1 ಕೋಟಿ ಜನ ಹಿಂದಿನ ಒಂದು ವರ್ಷದಲ್ಲಿ ಭಂಗಿ, ಗಾಂಜಾ, ಚರಸ್ ಪೈಕಿ ಏನನ್ನಾದರೂ ಬಳಸಿದ್ದರು. ಅವರಲ್ಲಿ ಬಹುಸಂಖ್ಯಾತರಿಗೆ ಸೈಕೋಸಿಸ್ ಬರುವುದಿಲ್ಲ. ಇದನ್ನು ಒಪ್ಪದೆ ಹೆದರಿಸಹೊರಟರೆ ಹುಡುಗರು ನಮ್ಮ ಮಾತನ್ನೇ ಕೇಳಿಸಿಕೊಳ್ಳುವುದಿಲ್ಲ, ಯಾಕೆಂದರೆ ಅವರ ಹತ್ತು ಗೆಳೆಯರು ಸೇದಿ ಚೆನ್ನಾಗಿಯೇ ಇದ್ದಾರೆ.

ಆದರೂ ಸ್ಕಿಜೋಫ್ರೇನಿಯಾದ ಜತೆ ಅತಿ ಹೆಚ್ಚು ಪುರಾವೆಯಿಂದ ತಳುಕು ಹಾಕಿಕೊಂಡಿರುವ ನಶೆ ಇದೇ. ಸ್ವೀಡನ್ನಿನಲ್ಲಿ ಕಡ್ಡಾಯ ಸೇನಾ ಸೇವೆಗೆ ಬಂದ 45,570 ಯುವಕರನ್ನು 15 ವರ್ಷ ಹಿಂಬಾಲಿಸಿದ ಅಧ್ಯಯನ 1987ರಲ್ಲಿ ಪ್ರಕಟವಾಯಿತು. ಸೇನೆಗೆ ಬರುವ ಹೊತ್ತಿಗೇ ಐವತ್ತಕ್ಕಿಂತ ಹೆಚ್ಚು ಸಲ ಗಾಂಜಾ ಸೇದಿದ್ದವರಲ್ಲಿ ಸ್ಕಿಜೋಫ್ರೇನಿಯಾ ಆರು ಪಟ್ಟು. ಹಿನ್ನೆಲೆ, ಮೊದಲೇ ಇದ್ದ ಮಾನಸಿಕ ತೊಂದರೆ ಇವನ್ನೆಲ್ಲ ಕಳೆದು ನೋಡಿದರೆ ಆ ಆರು ಕುಗ್ಗುತ್ತದೆ, ಮಾಯವಾಗುವುದಿಲ್ಲ. ಆಮೇಲೆ 2019ರಲ್ಲಿ ಯುರೋಪ್ ಮತ್ತು ಬ್ರೆಜಿಲ್‌ನ 11 ಕಡೆ ನಡೆದ ಅಧ್ಯಯನ ಒಂದು ಹೊಸ ಮಾತು ಸೇರಿಸಿತು: ಎಷ್ಟು ಸೇದುತ್ತಾರೆ ಅನ್ನುವಷ್ಟೇ ಮುಖ್ಯ ಎಂಥದ್ದನ್ನು ಸೇದುತ್ತಾರೆ ಅನ್ನುವುದು. ದಿನವೂ ಸೇದುವವರಲ್ಲಿ ಸೈಕೋಸಿಸ್ ಸಾಧ್ಯತೆ ಸುಮಾರು ಮೂರು ಪಟ್ಟು. ನಶೆ ತರುವ ಮುಖ್ಯ ಅಂಶವಾದ ಟಿಎಚ್‌ಸಿ ಶೇ 10 ಅಥವಾ ಅದಕ್ಕೂ ಹೆಚ್ಚು ಇರುವ ಕಡುಗಾಂಜಾವನ್ನು ದಿನವೂ ಸೇದುವವರಲ್ಲಿ ಹತ್ತಿರ ಹತ್ತಿರ ಐದು ಪಟ್ಟು.

ಬೆಂಗಳೂರಿನ ಮಟ್ಟಿಗೆ ನನಗೆ ಚಿಂತೆ ಹುಟ್ಟಿಸುವುದು ಈ ಕೊನೆಯ ಸಾಲು. ಕೆಂಪೇಗೌಡ ವಿಮಾನ ನಿಲ್ದಾಣದಲ್ಲಿ ಬ್ಯಾಂಕಾಕ್ ಕಡೆಯಿಂದ ಬಂದವರ ಸೂಟ್‌ಕೇಸಿನಲ್ಲಿ ಮತ್ತೆ ಮತ್ತೆ ಸಿಗುತ್ತಿರುವ ‘ಹೈಡ್ರೋ’, ಅಂದರೆ ಮಣ್ಣಿಲ್ಲದೆ ದೀಪದ ಬೆಳಕಿನಲ್ಲಿ ಬೆಳೆಸಿದ ಗಾಂಜಾ, ಹಳೇ ಚಿಲುಮೆಯ ಸೊಪ್ಪಲ್ಲ. ಟಿಎಚ್‌ಸಿ ಹೆಚ್ಚಿರಲಿ ಎಂದೇ ತಳಿ ಆರಿಸಿ, ಬೀಜ ಕಟ್ಟಲು ಬಿಡದೆ ಬೆಳೆಸುವ ಹೂವು ಅದು. ಟಿಎಚ್‌ಸಿಯ ಏಟನ್ನು ಒಂದಿಷ್ಟು ತಗ್ಗಿಸಬಹುದು ಎಂದು ಕೆಲವರು ಹೇಳುವ ಸಿಬಿಡಿ ಅನ್ನುವ ಅಂಶ ಇಂಥ ತಳಿಗಳಲ್ಲಿ ಹೆಸರಿಗಷ್ಟೇ. 2004ರಲ್ಲಿ ಯೇಲ್ ವಿಶ್ವವಿದ್ಯಾಲಯದವರು ಶುದ್ಧ ಟಿಎಚ್‌ಸಿಯನ್ನು ಆರೋಗ್ಯವಂತರ ರಕ್ತನಾಳಕ್ಕೆ ಕೊಟ್ಟಾಗ, ಅಂಥವರಲ್ಲೂ ಸಂಶಯ, ಚದುರಿದ ಯೋಚನೆ ಸ್ವಲ್ಪ ಹೊತ್ತು ಕಾಣಿಸಿಕೊಂಡಿತ್ತು. ಸುದ್ದಿಯಲ್ಲಿ ಅಣಬೆ ಅಂದರೆ ಕುತೂಹಲ, ಎಲ್‌ಎಸ್‌ಡಿ ಅಂದರೆ ಗಾಬರಿ, ಗಾಂಜಾ ಅಂದರೆ ಹಳೇ ಕಥೆ. ಅಪಾಯದ ಸಾಲು ಹೀಗೆ ನಿಂತಿಲ್ಲ.

ಹಾಗಂತ ಎಲ್ಲ ಹುಚ್ಚಿಗೂ ಗಾಂಜಾವೇ ಕಾರಣ ಅನ್ನುವ ಚಾಳಿಯೂ ಹೊಸದಲ್ಲ. 1893-94ರಲ್ಲಿ ಬ್ರಿಟಿಷ್ ಸರ್ಕಾರ ಇಂಡಿಯನ್ ಹೆಂಪ್ ಡ್ರಗ್ಸ್ ಕಮಿಷನ್ ನೇಮಿಸಿತ್ತು. ಹುಚ್ಚಾಸ್ಪತ್ರೆಗಳ ದಾಖಲೆಯಲ್ಲಿ ಗಾಂಜಾ ಹೆಸರು ಇಷ್ಟೊಂದು ಸಲ ಯಾಕಿದೆ ಎಂದು ಕೆದಕಿದಾಗ ತಮಾಷೆಯ ಸಂಗತಿ ಹೊರಬಿತ್ತು. ರೋಗಿಯನ್ನು ಕರೆತಂದ ಪೊಲೀಸಿನವನು ಅರ್ಜಿಯ ‘ಕಾರಣ’ ಅನ್ನುವ ಕಾಲಂ ಖಾಲಿ ಬಿಡುವಂತಿಲ್ಲವೆಂದು ಗಾಂಜಾ ಎಂದು ತುಂಬುತ್ತಿದ್ದ, ಆಸ್ಪತ್ರೆಯವರು ಅದನ್ನೇ ರಿಜಿಸ್ಟರಿಗೆ ಇಳಿಸಿಕೊಳ್ಳುತ್ತಿದ್ದರು. ಕಮಿಷನ್ ಒಂದೊಂದೇ ಪ್ರಕರಣ ಮರುಪರಿಶೀಲಿಸಿದಾಗ ಅಂಥವುಗಳಲ್ಲಿ ಬಹಳಷ್ಟು ಬಿದ್ದುಹೋದವು. ಆ ಕಾಲಂ ಇವತ್ತು ಅರ್ಜಿಯಿಂದ ಮನೆಯವರ ಬಾಯಿಗೆ ಬಂದಿದೆ, ಅಷ್ಟೇ ವ್ಯತ್ಯಾಸ.

ಒಂದು ಉದಾಹರಣೆ ಇಟ್ಟುಕೊಳ್ಳೋಣ, ಯಾರದೋ ಒಬ್ಬರದ್ದಲ್ಲದ, ಹಲವರದ್ದನ್ನು ಹೋಲುವ ಕಾಲ್ಪನಿಕ ಉದಾಹರಣೆ. ಹಾಸನ ಕಡೆಯ ಹುಡುಗ, ಬನಶಂಕರಿಯ ಪಿಜಿಯಲ್ಲಿದ್ದು ಎಂಜಿನಿಯರಿಂಗ್ ಓದುತ್ತಾನೆ. ಪಕ್ಕದ ರೂಮಿನವರು ಗೋಡೆಯಲ್ಲಿ ಮೈಕ್ ಇಟ್ಟಿದ್ದಾರೆಂದು ರಾತ್ರಿ ಎರಡಕ್ಕೆ ಜಗಳ ತೆಗೆದಿದ್ದಾನೆ. ಅಪ್ಪ ಅಮ್ಮ ಬಸ್ಸು ಹತ್ತಿ ಬಂದಿದ್ದಾರೆ. ಹೊಸೂರು ರಸ್ತೆಯ ನಿಮ್ಹಾನ್ಸ್‌ನಂಥ ಕಡೆ ಹೋದರೆ ವೈದ್ಯರು ಗಾಂಜಾ ಬಗ್ಗೆ ಖಂಡಿತ ಕೇಳುತ್ತಾರೆ, ಮೂತ್ರ ಪರೀಕ್ಷೆಯನ್ನೂ ಮಾಡಿಸಬಹುದು. ಆದರೆ ಅವರು ಪಟ್ಟು ಹಿಡಿದು ಕೇಳುವುದು ಬೇರೆಯದನ್ನು: ಮೊದಲು ಬದಲಾದದ್ದು ಏನು?

‘ಗಣೇಶನ ಹಬ್ಬಕ್ಕೆ ಬಂದಾಗ ಚೆನ್ನಾಗಿದ್ನಾ?’ ‘ಇದ್ದ ಸಾರ್. ಆದ್ರೆ ಯಾರ ಹತ್ರಾನೂ ಮಾತಾಡ್ಲಿಲ್ಲ. ರೂಮಲ್ಲೇ ಇದ್ದ.’ ‘ಅದಕ್ಕೂ ಮುಂಚೆ?’ ‘ಸೆಕೆಂಡ್ ಪಿಯುಸಿಲಿ ಕ್ರಿಕೆಟ್ ಬಿಟ್ಬಿಟ್ಟ. ಓದ್ಬೇಕು ಅಂತಾನೇನೋ ಅಂದ್ಕೊಂಡ್ವಿ.’ ಗಾಂಜಾ ಶುರುವಾದದ್ದು ಕಾಲೇಜು ಸೇರಿದ ಮೇಲೆ. ಹೀಗೆ ಹಿಂದಕ್ಕೆ ಎಳೆದುಕೊಂಡು ಹೋದರೆ ಕೆಲವರಲ್ಲಿ ರೋಗದ ಮೊದಲ ಎಳೆ ಮೊದಲ ಜಾಯಿಂಟ್‌ಗಿಂತ ಹಳೆಯದಾಗಿರುತ್ತದೆ. ನಿದ್ದೆ ಬಾರದೆ, ತಲೆಯೊಳಗಿನ ಗೊಂದಲ ತಾಳದೆ ಸೇದಲು ಹಿಡಿದವರೂ ಇದ್ದಾರೆ. ಇನ್ನು ಕೆಲವರಲ್ಲಿ ಗಾಂಜಾ ಮೊದಲು, ರೋಗ ಆಮೇಲೆ. ವಂಶವಾಹಿ ಅಧ್ಯಯನಗಳು ಎರಡು ದಿಕ್ಕಿನಲ್ಲೂ ಸಂಬಂಧ ತೋರಿಸಿವೆ. ‘ಹುಚ್ಚು ಬಿಡದ ಹೊರತು ಮದುವೆಯಾಗದು, ಮದುವೆಯಾಗದ ಹೊರತು ಹುಚ್ಚು ಬಿಡದು’ ಅಂತ ಗಾದೆ ಮಾಡಿದ ನಾಡಿನವರಿಗೆ ಇಂಥ ಸುತ್ತು ಅರ್ಥವಾಗದ್ದೇನಲ್ಲ. (ಮದುವೆ ಮಾಡಿದರೆ ಸರಿಹೋಗುತ್ತಾನೆ ಅನ್ನುವ ಚಿಕಿತ್ಸೆ ಈಗಲೂ ನಡೆಯುತ್ತಿದೆ ಅನ್ನುವುದು ಬೇರೆಯೇ ದುರಂತ.) ಸ್ಕಿಜೋಫ್ರೇನಿಯಾ ತಲೆ ಎತ್ತುವ ವಯಸ್ಸು ಗಂಡುಹುಡುಗರಲ್ಲಿ ಹೆಚ್ಚಾಗಿ ಹದಿನೆಂಟರಿಂದ ಇಪ್ಪತ್ತೈದು; ಊರು ಬಿಟ್ಟು ಬೆಂಗಳೂರಿನ ಪಿಜಿ ಸೇರಿ, ಮೊದಲ ಸಲ ಸೇದುವ ವಯಸ್ಸೂ ಅದೇ. ಎರಡೂ ಒಟ್ಟಿಗೆ ಬಂದಾಗ ಕಣ್ಣಿಗೆ ಬೀಳುವುದು ಸೇದಿದ್ದು ಮಾತ್ರ.

ಈಗ ‘ಬಿಟ್ಟರೆ ಸರಿಹೋಗ್ತಾನೆ’ ಅನ್ನುವ ಭಾಗ. ನಶೆಯಿಂದ ಬಂದ ಸೈಕೋಸಿಸ್ ಅನ್ನುವ ರೋಗನಿರ್ಣಯ ನಿಜಕ್ಕೂ ಇದೆ. ನಮ್ಮ ಆಸ್ಪತ್ರೆಗಳು ಬಳಸುತ್ತ ಬಂದಿರುವ, ವಿಶ್ವ ಆರೋಗ್ಯ ಸಂಸ್ಥೆಯ ರೋಗಪಟ್ಟಿ ಐಸಿಡಿ-10ರ ಪ್ರಕಾರ ಅದು ಸೇವನೆಯ ಎರಡು ವಾರದೊಳಗೆ ಕಾಣಿಸಿಕೊಂಡು, ಒಂದು ತಿಂಗಳಲ್ಲಿ ಬಹುಪಾಲು ತಗ್ಗಿ, ಆರು ತಿಂಗಳೊಳಗೆ ಪೂರ್ತಿ ಹೋಗಬೇಕು. ಎಷ್ಟೋ ಜನರಲ್ಲಿ ಹೋಗುತ್ತದೆ ಕೂಡ. ಹಾಗೆ ಹೋದವರು ಮುಂದೆ ಏನಾದರು ಎಂದು ಹಲವು ದೇಶಗಳ ಅಧ್ಯಯನಗಳನ್ನು ಕೂಡಿಸಿ ನೋಡಿದ ವಿಶ್ಲೇಷಣೆ 2020ರಲ್ಲಿ ಬಂತು. ಇಂಥ ರೋಗನಿರ್ಣಯ ಪಡೆದವರಲ್ಲಿ ಒಟ್ಟಾರೆ ಶೇ 25 ಮಂದಿಗೆ ಕಾಲಾನಂತರ ಸ್ಕಿಜೋಫ್ರೇನಿಯಾ ಎಂದೇ ತೀರ್ಮಾನವಾಗಿತ್ತು. ಗಾಂಜಾದಿಂದ ಶುರುವಾದವರಲ್ಲಿ ಶೇ 34, ಅಣಬೆ-ಎಲ್‌ಎಸ್‌ಡಿಯಂಥ ಭ್ರಮಾಜನಕಗಳಿಂದ ಶೇ 26, ಆಂಫೆಟಮಿನ್‌ನಿಂದ ಶೇ 22, ಮದ್ಯದಿಂದ ಶೇ 10ರ ಆಸುಪಾಸು. ಗಾಂಜಾ ಸೇದಿ ತಲೆ ಕೆಟ್ಟು ಆಸ್ಪತ್ರೆ ಕಂಡ ಮೂವರಲ್ಲಿ ಒಬ್ಬ ಅಂದರೆ ಸಣ್ಣ ಪಾಲೇನೂ ಅಲ್ಲ. ರಾಷ್ಟ್ರೀಯ ಮಾನಸಿಕ ಆರೋಗ್ಯ ಸಮೀಕ್ಷೆಯಲ್ಲಿ ನಿಮ್ಹಾನ್ಸ್ 2016ರಲ್ಲಿ ಕೊಟ್ಟ ಲೆಕ್ಕದಂತೆ, ಸ್ಕಿಜೋಫ್ರೇನಿಯಾ ಮತ್ತಿತರ ಸೈಕೋಸಿಸ್ ಜೀವಮಾನದಲ್ಲಿ ಒಮ್ಮೆಯಾದರೂ ಬಂದ ವಯಸ್ಕರು ಶೇ 1.4. ಅದರ ಪಕ್ಕದಲ್ಲಿ ಈ 34ನ್ನು ಇಟ್ಟು ನೋಡಿ.

ಆದ್ದರಿಂದ ‘ನಶೆಯಿಂದ ಬಂದದ್ದು’ ಅನ್ನುವ ಮಾತು ಕೇಳಿ ನಿರಾಳವಾಗುವಂತಿಲ್ಲ. ಕನಿಷ್ಠ ಕೆಲವು ವರ್ಷ ಫಾಲೋ-ಅಪ್ ಬೇಕು ಎಂದೇ ಅದರ ಅರ್ಥ. ನಡೆಯುತ್ತಿರುವುದು ಉಲ್ಟಾ. ‘ಗಾಂಜಾ ಕೇಸ್’ ಎಂದು ಮನೆಯಲ್ಲೇ ತೀರ್ಪಾದರೆ ಹುಡುಗನನ್ನು ಮನೋವೈದ್ಯರ ಬದಲು ಊರಾಚೆಯ ಯಾವುದೋ ವ್ಯಸನಮುಕ್ತಿ ಕೇಂದ್ರಕ್ಕೆ ಮೂರು ತಿಂಗಳಿಗೆ ಬಿಟ್ಟು ಬರುತ್ತಾರೆ. ಅಲ್ಲಿ ಮನೋವೈದ್ಯರಿದ್ದರೆ ಪುಣ್ಯ. ಇಲ್ಲದಿದ್ದರೆ ದನಿ ಕೇಳುವ ಹುಡುಗನನ್ನು ಶಿಸ್ತು, ಪ್ರಾರ್ಥನೆ, ಬೀಗ ಇವುಗಳಿಂದ ಸರಿಮಾಡುವ ಪ್ರಯತ್ನ ನಡೆಯುತ್ತದೆ. ಇನ್ನು ಕೆಲವರು ಗಾಣಗಾಪುರಕ್ಕೆ ಹೋಗಿ ಬರುತ್ತಾರೆ. ಹೋಗಲಿ, ಬೇಡ ಅನ್ನುವುದಿಲ್ಲ, ಮಾತ್ರೆ ಜತೆಗಿರಲಿ. ಚಿಕಿತ್ಸೆಯಿಲ್ಲದೆ ಕಳೆದ ಅವಧಿ ಉದ್ದವಾದಷ್ಟೂ ಚೇತರಿಕೆ ಕಷ್ಟ ಅನ್ನುವುದು ಈ ರೋಗದ ಬಗ್ಗೆ ಗಟ್ಟಿಯಾಗಿ ಗೊತ್ತಿರುವ ಕೆಲವೇ ಸಂಗತಿಗಳಲ್ಲಿ ಒಂದು. ತೀರ್ಥಹಳ್ಳಿ ತಾಲ್ಲೂಕಿನಲ್ಲಿ ನಿಮ್ಹಾನ್ಸ್ 2005ರಿಂದ ಸ್ಕಿಜೋಫ್ರೇನಿಯಾ ಇರುವವರನ್ನು ಹಳ್ಳಿ ಹಳ್ಳಿಯಲ್ಲಿ ಹುಡುಕಿ ಚಿಕಿತ್ಸೆ ಕೊಡುತ್ತ ಬಂದಿದೆ. ಸರಿಯಾಗಿ ಔಷಧಿ ತಲುಪಿದರೆ ಹಳ್ಳಿಯಲ್ಲೇ ಇದ್ದು ಗದ್ದೆ-ತೋಟದ ಕೆಲಸಕ್ಕೆ ಮರಳಬಹುದು ಅನ್ನುವುದು ಅಲ್ಲಿ ಕಂಡಿದೆ.

ಅಣಬೆಗೆ ಮತ್ತೆ ಬರಬೇಕು, ಯಾಕೆಂದರೆ ಅದಕ್ಕೆ ಈಗ ಔಷಧಿಯ ಗೌರವ ಬರುತ್ತಿದೆ. 2018ರಲ್ಲಿ ಅಮೆರಿಕದ ಔಷಧ ನಿಯಂತ್ರಣ ಸಂಸ್ಥೆ ಎಫ್‌ಡಿಎ ಸಿಲೋಸೈಬಿನ್ ಚಿಕಿತ್ಸೆಯ ಸಂಶೋಧನೆಗೆ ವೇಗದ ದಾರಿ ತೆರೆಯಿತು. 2022ರಲ್ಲಿ 233 ಖಿನ್ನತೆ ರೋಗಿಗಳ ಮೇಲಿನ ಪ್ರಯೋಗದಲ್ಲಿ 25 ಮಿಲಿಗ್ರಾಂನ ಒಂದೇ ಡೋಸ್ ಮೂರು ವಾರಕ್ಕೆ ಒಳ್ಳೆಯ ಫಲ ಕೊಟ್ಟಿತು. 2023ರ ಜುಲೈಯಿಂದ ಆಸ್ಟ್ರೇಲಿಯಾದಲ್ಲಿ ಅನುಮತಿ ಪಡೆದ ಮನೋವೈದ್ಯರು ಇದನ್ನು ಬರೆದುಕೊಡಬಹುದು. ಈ ಸುದ್ದಿ ಇನ್‌ಸ್ಟಾಗ್ರಾಂ ರೀಲ್ ಆಗಿ ಕೋರಮಂಗಲ, ಎಚ್‌ಎಸ್‌ಆರ್ ತಲುಪುವಾಗ ಒಂದು ಸಾಲು ಉದುರಿಹೋಗಿರುತ್ತದೆ. ಇಂಥ ಪ್ರಯೋಗಗಳಿಗೆ ಸೈಕೋಸಿಸ್ ಬಂದವರನ್ನು ಸೇರಿಸಿಕೊಳ್ಳುವುದಿಲ್ಲ, ಹತ್ತಿರದ ರಕ್ತಸಂಬಂಧಿಗಳಿಗೆ ಬಂದಿದ್ದರೂ ಸಾಮಾನ್ಯವಾಗಿ ಹೊರಗಿಡುತ್ತಾರೆ. ಅಲ್ಲಿ ಅನಾಹುತ ಕಡಿಮೆ ಕಂಡದ್ದಕ್ಕೆ ಈ ಜರಡಿಯೂ ಒಂದು ಕಾರಣ. ಅಮೆರಿಕದ 1.3 ಲಕ್ಷ ಜನರ ಸಮೀಕ್ಷೆಯನ್ನು ಆಧರಿಸಿದ 2013ರ ವಿಶ್ಲೇಷಣೆ ಇಂಥ ಪದಾರ್ಥ ಬಳಸಿದವರಲ್ಲಿ ಮಾನಸಿಕ ತೊಂದರೆ ಹೆಚ್ಚು ಕಾಣಲಿಲ್ಲ ಎಂದಿತು. ಆದರೆ ಕೆನಡಾದ ಒಂಟಾರಿಯೊದಲ್ಲಿ 90 ಲಕ್ಷಕ್ಕೂ ಹೆಚ್ಚು ಜನರ ಆಸ್ಪತ್ರೆ ದಾಖಲೆ ಜಾಲಾಡಿದ ಇತ್ತೀಚಿನ ಅಧ್ಯಯನ, ಭ್ರಮಾಜನಕ ಸೇವಿಸಿ ಎಮರ್ಜೆನ್ಸಿಗೆ ಬಂದವರಲ್ಲಿ ಮೂರು ವರ್ಷದೊಳಗೆ ಸುಮಾರು ಶೇ 4 ಮಂದಿಗೆ ಸ್ಕಿಜೋಫ್ರೇನಿಯಾ ಬಗೆಯ ರೋಗ ಪತ್ತೆಯಾದದ್ದನ್ನು ತೋರಿಸಿತು. ಉಳಿದ ಜನರಲ್ಲಿ ಅದು ಶೇ 0.15. ಇತರ ಡ್ರಗ್ಸ್, ಮೊದಲೇ ಇದ್ದ ಕಾಯಿಲೆ ಕಳೆದರೂ ಮೂರೂವರೆ ಪಟ್ಟು ಉಳಿಯಿತು. ಎರಡೂ ನಿಜವಿರಬಹುದು. ಸಮೀಕ್ಷೆಗೆ ಉತ್ತರ ಕೊಡಲು ಕೂತವರು ಒಂದು ಗುಂಪು, ಆಂಬುಲೆನ್ಸ್‌ನಲ್ಲಿ ಬಂದವರು ಇನ್ನೊಂದು. ಟ್ರಿಪ್ ಕೆಟ್ಟು ಆಸ್ಪತ್ರೆಗೆ ಬಂದರೆ ಬೆಳಿಗ್ಗೆ ಡಿಸ್ಚಾರ್ಜ್ ಮಾಡಿ ಮರೆತುಬಿಡುವಂತಿಲ್ಲ ಅನ್ನುವುದು ನನಗೆ ಇದರಿಂದ ಹೊರಡುವ ಪಾಠ.

ಪಿಜಿ ರೂಮಿನಲ್ಲಿ ಆ ಜರಡಿ ಹಿಡಿಯುವವರು ಯಾರು? ಮನೋವೈದ್ಯರು ಕೇಸ್ ಶೀಟಿನಲ್ಲಿ ಮೂರು ತಲೆಮಾರಿನ ವಂಶವೃಕ್ಷ ಬರೆಯುತ್ತಾರೆ, ಗಂಡಿಗೆ ಚೌಕ, ಹೆಣ್ಣಿಗೆ ವೃತ್ತ. ಅಪ್ಪ, ಅಮ್ಮ, ಒಡಹುಟ್ಟಿದವರಲ್ಲಿ ಯಾರಿಗಾದರೂ ಸ್ಕಿಜೋಫ್ರೇನಿಯಾ ಇದ್ದರೆ ಅಪಾಯ ಹತ್ತು ಪಟ್ಟಿನ ಹತ್ತಿರ ಏರುತ್ತದೆ, ಆದ್ದರಿಂದ ಆ ಚಿತ್ರ ಬರಿಯ ಶಾಸ್ತ್ರಕ್ಕಲ್ಲ. ನಮ್ಮ ಮನೆಗಳಲ್ಲಿ ಆ ಮಾಹಿತಿಯನ್ನೇ ಬಚ್ಚಿಡುತ್ತೇವೆ. ಹೆಣ್ಣುಮಕ್ಕಳ ಸಂಬಂಧ ತಪ್ಪಿಹೋಗುತ್ತದೆಂದು ಚಿಕ್ಕಪ್ಪನಿಗೆ ‘ನರದ ವೀಕ್‌ನೆಸ್’, ಅತ್ತೆಗೆ ‘ಮೈಮೇಲೆ ಬರುತ್ತಿತ್ತು’, ಮನೆ ಬಿಟ್ಟುಹೋದ ದೊಡ್ಡಪ್ಪ ‘ಸನ್ಯಾಸಿಯಾದ’. ಇಪ್ಪತ್ತರ ಹುಡುಗನಿಗೆ ತನ್ನ ಅಪಾಯ ಅಂದಾಜು ಮಾಡಲು ಬೇಕಿದ್ದ ಒಂದೇ ಸುಳಿವು ಅವನ ಕೈಗೆ ಸಿಗುವುದೇ ಇಲ್ಲ.

ಕಾನೂನಿನ ಭಯದ ಬಗ್ಗೆಯೂ ಒಂದು ಮಾತು, ಯಾಕೆಂದರೆ ಡಾಕ್ಟರರ ಮುಂದೆ ಡ್ರಗ್ಸ್ ವಿಷಯ ಮುಚ್ಚಿಡಲು ಅದೂ ಕಾರಣ. ಸಿಲೋಸೈಬಿನ್, ಗಾಂಜಾ, ಎಲ್‌ಎಸ್‌ಡಿ ಎಲ್ಲವೂ ಮಾದಕ ವಸ್ತುಗಳನ್ನು ನಿಯಂತ್ರಿಸುವ 1985ರ ಎನ್‌ಡಿಪಿಎಸ್ ಕಾಯ್ದೆಯಡಿ ಬರುತ್ತವೆ. 27ನೇ ಸೆಕ್ಷನ್ ಪ್ರಕಾರ ಸೇವನೆಯೂ ಅಪರಾಧ. (ಅಣಬೆಯ ತೂಕ ಲೆಕ್ಕಹಾಕುವಾಗ ಇಡೀ ಅಣಬೆಯೋ ಒಳಗಿನ ಸಿಲೋಸೈಬಿನ್ ಮಾತ್ರವೋ ಎಂಬ ಪ್ರಶ್ನೆಗೆ ಕೇರಳ ಹೈಕೋರ್ಟ್ 2025ರ ಜನವರಿಯ ಜಾಮೀನು ಆದೇಶವೊಂದರಲ್ಲಿ ಎರಡನೆಯದು ಎಂದಿದೆ. ವಕೀಲರಿಗೆ ಬಿಡೋಣ.) ಅದೇ ಕಾಯ್ದೆಯ 64ಎ ಸೆಕ್ಷನ್, ಸೇವನೆ ಅಥವಾ ಅಲ್ಪ ಪ್ರಮಾಣದ ಆರೋಪ ಹೊತ್ತ ವ್ಯಸನಿ ತಾನಾಗಿ ಚಿಕಿತ್ಸೆಗೆ ಬಂದರೆ ವಿಚಾರಣೆಯಿಂದ ರಕ್ಷಣೆ ಕೊಡುತ್ತದೆ. 2017ರ ಮಾನಸಿಕ ಆರೋಗ್ಯ ಆರೈಕೆ ಕಾಯ್ದೆ ರೋಗಿಯ ಮಾಹಿತಿಗೆ ಗೋಪ್ಯತೆಯ ಹಕ್ಕು ಕೊಟ್ಟಿದೆ. ಏನು, ಎಷ್ಟು, ಕೊನೆಯ ಸಲ ಯಾವಾಗ ಅನ್ನುವುದನ್ನು ಹೇಳದಿದ್ದರೆ ಚಿಕಿತ್ಸೆ ಕತ್ತಲಲ್ಲಿ ತಡಕಿದಂತಾಗುತ್ತದೆ. ರಾತ್ರಿ ಹೊತ್ತು, ಯಾರಿಗೆ ಹೇಳಬೇಕೆಂದು ತೋಚದಿದ್ದರೆ ಸರ್ಕಾರದ ಮಾನಸಿಕ ಆರೋಗ್ಯ ಸಹಾಯವಾಣಿ ಟೆಲಿ-ಮಾನಸ್ ಸಂಖ್ಯೆ 14416ಕ್ಕೆ ಕರೆ ಮಾಡಬಹುದು, ಕನ್ನಡದಲ್ಲೇ ಮಾತಾಡುತ್ತಾರೆ, ದುಡ್ಡಿಲ್ಲ.

ಮೊದಲ ಸಲ ಸೈಕೋಸಿಸ್ ಬಂದು ಇಳಿದ ಮೇಲೆ ಗಾಂಜಾ ಮುಂದುವರಿಸಿದವರಲ್ಲಿ ಅದು ಮರುಕಳಿಸುವುದು ಹೆಚ್ಚು, ಬಿಟ್ಟವರಲ್ಲಿ ಕಡಿಮೆ. ಹಾಗಾಗಿ ಬಿಡಿಸುವುದು ಬೇಕೇ ಬೇಕು. ಅದರ ಜತೆ ವೈದ್ಯರು ಹೇಳಿದಷ್ಟು ಕಾಲ ಮಾತ್ರೆಯೂ ಬೇಕು, ‘ಈಗ ಸೇದ್ತಿಲ್ವಲ್ಲ, ಮಾತ್ರೆ ಯಾಕೆ’ ಎಂದು ಎರಡನೇ ತಿಂಗಳಿಗೇ ನಿಲ್ಲಿಸುವಂತಿಲ್ಲ.